ಘಟಸರ್ಪ ಎಂದರೆ ಹಾವಲ್ಲ

ನಾನು ಹಾಸನದ ಕಡೆಯವನು. ಪಶುವೈದ್ಯನಾಗಿ ನನಗೆ ಮೊದಲು ನೇಮಕವಾದದ್ದು ಬೆಳಗಾವಿ ಜಿಲ್ಲೆಯ ಚಿಕ್ಕೋಡಿ ಸೀಮೆಯ ಒಂದು ಹಳ್ಳಿಯ ಪಶು ಚಿಕಿತ್ಸಾಲಯಕ್ಕೆ. ಅಲ್ಲಿಯೂ ಕನ್ನಡ, ಇಲ್ಲಿಯೂ ಕನ್ನಡ, ಹೀಗಿರುವಾಗ ಮಾತಿನ ತೊಡಕೇನು ಬಂದೀತು ಎಂದುಕೊಂಡೇ ಬಂದಿದ್ದೆ. ಮೊದಲ ಮುಂಗಾರಿನಲ್ಲೇ ಆ ಲೆಕ್ಕ ತಪ್ಪಿತು.

ಜೂನ್ ತಿಂಗಳ ಒಂದು ಭಾನುವಾರ ಬೆಳಗ್ಗೆ ಮಹಾರಾಷ್ಟ್ರದ ಗಡಿಗೆ ಹತ್ತಿಕೊಂಡ ಊರಿನಿಂದ ಹಿರಿಯರೊಬ್ಬರು ಫೋನು ಮಾಡಿದರು. "ಡಾಕ್ಟರ್ ಸಾಹೇಬ್ರ, ನಮ್ಮ ಎಮ್ಮಿಗೆ ಘಟಸರ್ಪ ಆಗೇತ್ರಿ, ಕುತಗಿ ಬಾತೈತಿ, ಲಗೂನ ಬರ್ರಿ." ಸರ್ಪ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ಉಳಿದದ್ದನ್ನು ನಾನೇ ಜೋಡಿಸಿಕೊಂಡೆ. ಮೇಯುವ ದನಕ್ಕೆ ಹಾವು ಮೂತಿಗೋ ಮುಖಕ್ಕೋ ಕಚ್ಚುವುದುಂಟು, ಬಾವು ಅಲ್ಲಿಂದ ಕುತ್ತಿಗೆಗೆ ಇಳಿಯುವುದೂ ಉಂಟು. ಆದ್ದರಿಂದ ಅವರು ಹೇಳಿದ ಎರಡನೆಯ ಮಾತು ನನ್ನ ತಪ್ಪು ತಿಳಿವಳಿಕೆಯನ್ನು ಇನ್ನಷ್ಟು ಗಟ್ಟಿ ಮಾಡಿತೇ ಹೊರತು ತಿದ್ದಲಿಲ್ಲ. ಹಾವಿನ ವಿಷಕ್ಕೆ ಕೊಡುವ ಪ್ರತಿವಿಷ ನಮ್ಮಲ್ಲಿ ಇರಲಿಲ್ಲ. ಅದನ್ನು ತರಲು ತಾಲ್ಲೂಕು ಕೇಂದ್ರದ ಕಡೆಗೆ, ಅಂದರೆ ಆ ಊರಿಗೆ ನೇರ ವಿರುದ್ಧ ದಿಕ್ಕಿಗೆ, ಬೈಕು ತಿರುಗಿಸಿದೆ.

ಒಂದೂವರೆ ಗಂಟೆ ತಡವಾಗಿ ತಲುಪಿದಾಗ ಎಮ್ಮೆ ಗ್ವಾದಲಿಯ, ಅಂದರೆ ಮೇವಿನ ತೊಟ್ಟಿಯ, ಮುಂದೆ ಕುತ್ತಿಗೆಯನ್ನು ನೀಳವಾಗಿ ಚಾಚಿ ನಿಂತಿತ್ತು. ನಾಲಗೆ ಹೊರಬಿದ್ದಿತ್ತು, ಜೊಲ್ಲು ದಾರದಂತೆ ನೆಲದವರೆಗೆ ಇಳಿದಿತ್ತು, ಉಸಿರಿನ ಗೊರಗೊರ ಸದ್ದು ಅಂಗಳಕ್ಕೇ ಕೇಳಿಸುತ್ತಿತ್ತು. ಗಂಟಲ ಕೆಳಗಿನ ಬಾವನ್ನು ಮುಟ್ಟಿದರೆ ಕೈಗೆ ಬಿಸಿ ಹತ್ತುವಂತಿತ್ತು. ಜ್ವರ 106 ಡಿಗ್ರಿ. ಕಚ್ಚಿದ ಗುರುತು ಹುಡುಕುವ ಅಗತ್ಯವೇ ಬೀಳಲಿಲ್ಲ. ಅದು ಗಳಲೆ ರೋಗ, ಪಾಶ್ಚುರೆಲ್ಲಾ ಮಲ್ಟೋಸಿಡಾ ಎಂಬ ಬ್ಯಾಕ್ಟೀರಿಯಾದಿಂದ ಬರುವ, ಎಮ್ಮೆಗಳನ್ನು ಹೆಚ್ಚಾಗಿ ಬಲಿ ತೆಗೆದುಕೊಳ್ಳುವ ಮುಂಗಾರಿನ ರೋಗ. ಪ್ರತಿಜೈವಿಕದ ಚುಚ್ಚುಮದ್ದು ಕೊಟ್ಟೆ; ಎಮ್ಮೆ ರಾತ್ರಿ ಸತ್ತಿತು. ಬಾವು ಕಾಣಿಸಿಕೊಂಡ ಮೇಲೆ ಈ ರೋಗದಲ್ಲಿ ಔಷಧ ಹಲವು ಸಲ ಕೈಕೊಡುತ್ತದೆ ಎಂಬುದು ನಿಜ, ಆದ್ದರಿಂದ ಆ ಒಂದೂವರೆ ಗಂಟೆಯಿಂದಲೇ ಸತ್ತಿತು ಎಂದು ಹೇಳಲಾರೆ. ಅಲ್ಲ ಎಂದೂ ಹೇಳಲಾರೆ. ಪಕ್ಕದಲ್ಲಿದ್ದ ಎರಡು ಎಮ್ಮೆಗಳಿಗೆ ಆಗಿನ್ನೂ ಜ್ವರ ಮಾತ್ರ ಇತ್ತು. ಅವು ಉಳಿದವು.

ಮರುದಿನ ನಮ್ಮ ಅಟೆಂಡರ್ ನಕ್ಕರು, ಆಮೇಲೆ ನನ್ನ ಮುಖ ನೋಡಿ ಸುಮ್ಮನಾದರು. "ಸರ್, ಘಟಸರ್ಪ ಅಂದ್ರ ಹಾವಲ್ರಿ, ಗಂಟಲ ಬ್ಯಾನಿ. ಮರಾಠಿ ಮಂದಿ ಹಂಗ ಅಂತಾರ, ನಮ್ಮವರೂ ಅಂತಾರ." ಮನುಷ್ಯರ ಗಂಟಲುಮಾರಿಗೂ ಮರಾಠಿಯಲ್ಲಿ ಇದೇ ಹೆಸರು ಎಂಬುದು ನನಗೆ ಆಮೇಲೆ ತಿಳಿಯಿತು. ಅಂದೇ ಇನ್ನೂರು ಪುಟದ ಒಂದು ನೋಟ್‌ಬುಕ್ ತಂದು ಮೊದಲ ಸಾಲಿನಲ್ಲಿ ಆ ಹೆಸರು ಬರೆದೆ.

ಆದರೆ ಹೆಸರಿಗೆ ಹೆಸರು ಹೊಂದಿಸಿ ಬರೆದರೆ ಸಾಲದು ಎಂಬುದು ಬೇಗನೆ ಗೊತ್ತಾಯಿತು. ಒಂದು ಸಂಜೆ "ಆಕಳಿಗೆ ಬ್ಯಾನಿ ಹತ್ಯಾವ್ರಿ" ಎಂದು ಫೋನು ಬಂದಾಗ, ಬ್ಯಾನಿ ಎಂದರೆ ರೋಗ ಎಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದ ನಾನು, ಔಷಧದ ಚೀಲವನ್ನಷ್ಟೇ ಹೆಗಲಿಗೇರಿಸಿ ಹೋದೆ. ಅಲ್ಲಿ ನೋಡಿದರೆ ಕರುವಿನ ಒಂದು ಕಾಲು ಹೊರಬಂದು, ಇನ್ನೊಂದು ಒಳಗೆ ಮಡಚಿಕೊಂಡಿತ್ತು. ಕರು ಎಳೆಯುವ ಹಗ್ಗವಿಲ್ಲ, ಉದ್ದನೆಯ ಕೈಗವಸಿಲ್ಲ. ಮನೆಯವರು ಬಾವಿಯ ಹಗ್ಗವನ್ನು ಕುದಿಸಿ ಕೊಟ್ಟರು, ಕೈಗೆ ಸೋಪು ಹಚ್ಚಿಕೊಂಡು ಕೆಲಸ ಮುಗಿಸಿದೆ. ಜಡ್ಡಿಗೂ ಹೆರಿಗೆಯ ನೋವಿಗೂ ಇಲ್ಲಿ ಒಂದೇ ಮಾತು, ಯಾವುದು ಎಂದು ತಿಳಿಯಲು "ಗಬ್ಬ ಐತೇನ್ರಿ, ಎಷ್ಟ ತಿಂಗಳಾತು?" ಎಂಬ ಒಂದು ಪ್ರಶ್ನೆ ಸಾಕಿತ್ತು. ಅಂದಿನಿಂದ ನೋಟ್‌ಬುಕ್ಕಿನ ಪುಟಕ್ಕೆ ಮೂರು ಕಾಲಂ ಎಳೆದೆ: ರೈತರು ಹೇಳಿದ ಹೆಸರು, ಅವರು ಕಣ್ಣಾರೆ ಕಂಡದ್ದು, ಕೊನೆಗೆ ನನಗೆ ಸಿಕ್ಕ ರೋಗ. ಮಧ್ಯದ ಕಾಲಂ ತುಂಬುವವರೆಗೆ ಮೂರನೆಯದನ್ನು ಮುಟ್ಟುವುದಿಲ್ಲ.

ಮಧ್ಯದ ಕಾಲಂ ಹೆಚ್ಚು ಬೇಕಾಗುವುದು ಕುರಿಗಳ ವಿಷಯದಲ್ಲಿ. "ಬಾಯಿಬ್ಯಾನಿ" ಎಂದು ಕುರಿಗಾರರು ಹೇಳಿದಾಗ ಅದು ನಾಲ್ಕು ರೋಗಗಳಲ್ಲಿ ಯಾವುದೂ ಆಗಿರಬಹುದು. ಮೂಗಿನಲ್ಲಿ ಗಟ್ಟಿ ಸಿಂಬಳ, ಕೆಮ್ಮು, ಜೊತೆಗೆ ನಾರುವ ಭೇದಿ ಇದ್ದರೆ ಮನಸ್ಸು ಪಿಪಿಆರ್ ಕಡೆಗೆ, ಅಂದರೆ ಕುರಿ-ಮೇಕೆಗಳ ಪ್ಲೇಗ್ ಎನ್ನುವ ರೋಗದ ಕಡೆಗೆ, ಹೋಗುತ್ತದೆ. ತುಟಿ, ಮುಖ ಬಾತು, ಗೊರಸಿನ ಮೇಲಂಚು ಕೆಂಪಾಗಿ ಕುರಿ ಕುಂಟುತ್ತಿದ್ದರೆ ನೀಲಿ ನಾಲಿಗೆ ರೋಗ. ಇದನ್ನು ಹರಡುವುದು ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ನುಸಿ. ನಾಲಗೆಯಲ್ಲಿ, ಗೊರಸಿನ ಸಂದಿನಲ್ಲಿ ನೀರುಗುಳ್ಳೆ ಎದ್ದು ಒಡೆದಿದ್ದರೆ ಕಾಲುಬಾಯಿ ಜ್ವರ. ಮರಿಗಳ ತುಟಿಯಂಚಿಗೆ ಮಾತ್ರ ಹಕ್ಕಳೆಗಟ್ಟಿದ್ದರೆ ಆರ್ಫ್, ಅದು ಮುಟ್ಟಿದವರ ಕೈಗೂ ಹತ್ತುತ್ತದೆ. ನಾಲ್ಕೂ ವೈರಸ್‌ಗಳಿಂದಲೇ ಬರುವಂಥವು, ಆದರೆ ಒಂದರ ಲಸಿಕೆ ಇನ್ನೊಂದಕ್ಕೆ ಆಗುವುದಿಲ್ಲ. ಅದೇ ಕುರಿಗಾರರು ಪಿಪಿಆರ್‌ಗೆ ಹಿರೇಬ್ಯಾನಿ ಎನ್ನುತ್ತಾರೆ, ದನಗಳ ರಿಂಡರ್‌ಪೆಸ್ಟ್‌ಗೆ ನಮ್ಮ ಕನ್ನಡದಲ್ಲಿ ದೊಡ್ಡ ರೋಗ ಎಂಬ ಹೆಸರಿತ್ತು. 2011ರಲ್ಲಿ ಜಗತ್ತಿನಿಂದಲೇ ಅಳಿದುಹೋಯಿತೆಂದು ಘೋಷಿಸಲಾದ ಆ ರೋಗದ ವೈರಸ್ಸೂ ಪಿಪಿಆರ್ ವೈರಸ್ಸೂ ಒಂದೇ ಕುಲದವು. ಹೆಸರಿಟ್ಟವರಿಗೆ ವೈರಸ್ಸಿನ ಗೊಡವೆ ಇರಲಿಲ್ಲ, ಸಾವಿನ ಲೆಕ್ಕ ಗೊತ್ತಿತ್ತು.

ಎಮ್ಮೆ "ಕಂದ ಹಾಕೈತಿ" ಎಂಬ ಮಾತಿನಲ್ಲಿ ನಾನು ಇನ್ನೊಂದು ಬಗೆಯಲ್ಲಿ ಎಡವಿದೆ. ಇಲಾಖೆಯ ಕರಪತ್ರಗಳಲ್ಲಿ ಕಂದು ರೋಗವೆಂದರೆ ಬ್ರುಸೆಲ್ಲೋಸಿಸ್. ರೈತರ ಬಾಯಲ್ಲಿ ಅದು ಗರ್ಭ ಹೋಯಿತು ಎಂಬ ಸಂಗತಿ ಮಾತ್ರ, ಕಾರಣವಲ್ಲ. ಗುದ್ದು ಬಿದ್ದು ಮೂರನೆಯ ತಿಂಗಳಲ್ಲಿ ಹೋದರೂ ಅದೇ ಮಾತು. ಬ್ರುಸೆಲ್ಲೋಸಿಸ್‌ನಲ್ಲಿ ಗರ್ಭ ಹೋಗುವುದು ಹೆಚ್ಚಾಗಿ ಕೊನೆಯ ತಿಂಗಳುಗಳಲ್ಲಿ. ಆದ್ದರಿಂದ ಎಷ್ಟನೆಯ ತಿಂಗಳು ಎಂದು ಕೇಳುತ್ತೇನೆ, ಮಾಸನ್ನು ಯಾರು ಬರಿಗೈಯಲ್ಲಿ ಎತ್ತಿ ಹಾಕಿದರು ಎಂದೂ ಕೇಳುತ್ತೇನೆ, ಏಕೆಂದರೆ ಆ ರೋಗ ಮನುಷ್ಯರಿಗೂ ಬರುತ್ತದೆ ಮತ್ತು ಕೊಟ್ಟಿಗೆಯ ಕೆಲಸ ಹೆಚ್ಚಾಗಿ ಹೆಣ್ಣುಮಕ್ಕಳದೇ. ಲಸಿಕೆ 4ರಿಂದ 8 ತಿಂಗಳ ಹೆಣ್ಣುಕರುಗಳಿಗೆ ಮಾತ್ರ. ಅದಕ್ಕೂ ಮೊದಲು, ಇಲ್ಲಿಯವರು ಮಣಕ ಎನ್ನುವುದು ನಮ್ಮ ಕಡೆಯ ಕಡಸಿಗೆ, ಕರುವಿಗಲ್ಲ ಎಂಬುದನ್ನು ನಾನು ಕಲಿಯಬೇಕಾಯಿತು.

ರೈತರ ಹೆಸರುಗಳೇ ದಾರಿ ತಪ್ಪಿಸುತ್ತವೆ ಎಂದು ಇದರಿಂದ ಯಾರಾದರೂ ತಿಳಿದರೆ ಅದಕ್ಕೆ ನನ್ನ ಒಪ್ಪಿಗೆಯಿಲ್ಲ. ನಮ್ಮ ಪುಸ್ತಕದ ಹಾಲುಜ್ವರವನ್ನೇ ನೋಡಿ. ಈದ ಮೇಲೆ ರಕ್ತದಲ್ಲಿ ಕ್ಯಾಲ್ಸಿಯಂ ಕುಸಿದು ಬರುವ ಈ ತೊಂದರೆಯಲ್ಲಿ ಜ್ವರವೇ ಇರುವುದಿಲ್ಲ, ಮೈ ತಣ್ಣಗಾಗಿರುತ್ತದೆ. "ನಿನ್ನಿ ಈದೈತ್ರಿ, ಈಗ ಏಳವಲ್ದು, ಕುತಗಿ ಹೊಟ್ಟಿ ಕಡೆ ತಿರುವಿ ಇಟ್ಟೈತಿ, ಕಿವಿ ಥಂಡಿ ಅದಾವು" ಎಂದು ಒಬ್ಬ ತಾಯಿ ಫೋನಿನಲ್ಲಿ ಹೇಳಿದಾಗ, ಯಾವ ಹೆಸರನ್ನೂ ಹೇಳದೆಯೇ ಅವರು ರೋಗವನ್ನು ಗುರುತಿಸಿ ಕೊಟ್ಟಿದ್ದರು. ಕ್ಯಾಲ್ಸಿಯಂ ಬಾಟಲಿ ಹಿಡಿದೇ ಹೊರಟೆ.

ಈಗ ಮುಂಗಾರಿಗೆ ಮುಂಚಿನ ಲಸಿಕೆಯ ದಿನವನ್ನು ಊರ ಚಾವಡಿಯ ಬೋರ್ಡಿನ ಮೇಲೆ ಸುಣ್ಣದ ಕಡ್ಡಿಯಲ್ಲಿ ಬರೆಯುವಾಗ, ಗಳಲೆ ರೋಗ ಎಂಬುದರ ಕೆಳಗೆ ಗಂಟಲ ಬ್ಯಾನಿ, ಘಟಸರ್ಪ ಎಂದು ಅಷ್ಟೇ ದಪ್ಪಕ್ಷರದಲ್ಲಿ ಬರೆಸುತ್ತೇನೆ. ಹೀಗೆ ಬರೆಸಿದ ಮೊದಲ ವರ್ಷ ಆ ಹಿರಿಯರು ಉಳಿದ ಎರಡೂ ಎಮ್ಮೆಗಳನ್ನು ಹೊಡೆದುಕೊಂಡು ಬಂದು, ಬೋರ್ಡನ್ನು ಮೇಲಿನಿಂದ ಕೆಳಗಿನವರೆಗೆ ಓದಿ, "ಎಲ್ಲಾ ಬರೋಬ್ಬರಿ ಐತ್ರಿ ಸಾಹೇಬ್ರ, ಆದ್ರ ಫರ್ಯಾದ್ದು ಎಲ್ಲೈತಿ?" ಎಂದು ಕೇಳಿದರು. ಫರ್ಯಾ ಎಂದರೆ ಚಪ್ಪೆ ಬೇನೆ ಎಂದು ಅಟೆಂಡರ್ ಹಿಂದಿನಿಂದ ಪಿಸುಗುಟ್ಟಿದರು. ಬೋರ್ಡಿನಲ್ಲಿ ಜಾಗ ಉಳಿದಿರಲಿಲ್ಲ. ಪಕ್ಕದ ಗೋಡೆಯ ಮೇಲೆಯೇ ಬರೆದೆ.