ಬೋಕ್ ಅವರ ಕೇಸ್ ಶೀಟು

ಚರ್ಮರೋಗ ವಿಭಾಗದಲ್ಲಿ ಒಂದು ಮಧ್ಯಾಹ್ನ ಸರ್ ನಮ್ಮ ಮುಂದೆ ಒಂದು ಬಯಾಪ್ಸಿ ಸ್ಲೈಡ್ ಇಟ್ಟು, "ಏನ್ರಪ್ಪಾ ಇದು?" ಎಂದರು. ಕೆನ್ನೆ ಮೇಲೆ ಗಂಟುಗಳೆದ್ದಿದ್ದ ರೋಗಿಯದು. ಒಬ್ಬ ಕುಷ್ಠ ಎಂದ. ನಾನು ಟಿಬಿ ಎಂದೆ. ಗ್ರ್ಯಾನುಲೋಮ, ಅಂದರೆ ಉರಿಯೂತದ ಕೋಶಗಳ ಪುಟ್ಟ ಗುಂಪು, ಕಂಡರೆ ನಮ್ಮಲ್ಲಿ ಬಾಯಿಗೆ ಬರುವುದು ಅವೆರಡೇ, ಅಲ್ವಾ? ಎರಡೂ ಅಲ್ಲ, ಸಾರ್ಕಾಯ್ಡೋಸಿಸ್, ಇಂಥ ಗುಂಪುಗಳು ಅಂಗಾಂಗಗಳಲ್ಲಿ ಏಳುವ ಕಾಯಿಲೆ. ಅಲ್ಲಿಂದ ಸರ್ ಸೀದಾ ನಾರ್ವೆಗೆ ಹೋದವರು ಮುಕ್ಕಾಲು ಗಂಟೆ ವಾಪಸ್ ಬರಲಿಲ್ಲ.

1899ರ ಕ್ರಿಸ್ಟಿಯಾನಿಯಾ, ಅಂದರೆ ಈಗಿನ ಓಸ್ಲೋ. ಒಬ್ಬ ಪೊಲೀಸಿನವನ ಮೈಮೇಲೆ ಗಂಟುಗಳು. ಪ್ರೊಫೆಸರ್ ಸೀಸರ್ ಬೋಕ್ ಚರ್ಮದ ಚೂರು ತೆಗೆದು ನೋಡಿದರು. ಸಾರ್ಕೋಮ ಎಂಬ ಕ್ಯಾನ್ಸರ್ ಗಡ್ಡೆಯ ಹಾಗಿದೆ, ಆದರೆ ಅಪಾಯದ ಗಡ್ಡೆ ಅಲ್ಲ. ಅದಕ್ಕೇ 'ಸಾರ್ಕಾಯ್ಡ್' ಎಂದರು. ಹೆಸರು ಕೇಳಿದರೆ ಇಂದಿಗೂ ಗಾಬರಿಯಾಗುತ್ತದೆ. ಆದರೂ ಅದೇ ಉಳಿಯಿತು.

ಬೋಕ್ ಹುಟ್ಟಿದ್ದು 1845ರಲ್ಲಿ. ಪ್ರೊಫೆಸರ್ ಆದದ್ದು 1895ರಲ್ಲಿ. ಮನೆತನದ ಹಿರಿಯ ಕಾರ್ಲ್ ವಿಲ್ಹೆಲ್ಮ್ ಬೋಕ್ ಕೂಡ ಚರ್ಮರೋಗದವರೇ. 1847ರಲ್ಲಿ ಡೇನಿಯಲ್ಸನ್ ಎಂಬ ವೈದ್ಯರ ಜೊತೆ ಕುಷ್ಠದ ಮೇಲೆ ದೊಡ್ಡ ಗ್ರಂಥ ಬರೆದವರು. ಲೈಂಗಿಕ ಸಂಪರ್ಕದಿಂದ ಹರಡುವ ಸಿಫಿಲಿಸ್‌ಗೆ ಆಗಿನ ರೂಢಿಯಂತೆ ಪಾದರಸ ಕೊಡುವುದು ಅವರಿಗೆ ಸೇರುತ್ತಿರಲಿಲ್ಲ. ಸೀಸರ್ ಬೋಕ್ ಅವರಿಗೂ ಅಷ್ಟೆ.

ಸರ್ ದನಿ ತಗ್ಗಿಸಿದ್ದು ಇಲ್ಲಿಗೆ ಬಂದಾಗ. 1891ರಿಂದ 1910ರವರೆಗೆ ಸೀಸರ್ ಬೋಕ್ ಸುಮಾರು 2000 ಸಿಫಿಲಿಸ್ ರೋಗಿಗಳಿಗೆ ಪಾದರಸ ಕೊಡಲಿಲ್ಲ. ರೋಗ ಇನ್ನೊಬ್ಬರಿಗೆ ಹರಡದಿರಲಿ ಎಂದು, ಗುಳ್ಳೆ ಗಾಯ ಮಾಯುವವರೆಗೆ ಆಸ್ಪತ್ರೆಯಲ್ಲೇ ಇರಿಸಿಕೊಂಡರು. ಸಿಫಿಲಿಸ್‌ಗೆ ಸಾಲ್ವರ್ಸಾನ್ ಎಂಬ ಹೊಸ ಔಷಧಿ ಬಂದ ಮೇಲೆ ನಿಲ್ಲಿಸಿದರು.

"ಸುಮ್ನೆ ನೋಡ್ತಾ ಕೂತಿದ್ರಾ ಸರ್?" ಎಂದು ಹಿಂದಿನ ಬೆಂಚಿನಿಂದ ಗೆಳತಿ ಕೇಳಿದಳು. ಸರ್‌ಗೆ ಸಿಟ್ಟು ಬರಲಿಲ್ಲ. "ಪಾದರಸ ತಿಂದವರ ಹಲ್ಲು ಉದುರೋದು ನೋಡಿದ್ದರೆ ನೀನೂ ಯೋಚನೆ ಮಾಡ್ತಿದ್ದೆ" ಎಂದರು. 1932ರಲ್ಲಿ ಅಮೆರಿಕದ ಟಸ್ಕೀಗಿಯಲ್ಲಿ ಸಿಫಿಲಿಸ್ ಇದ್ದ ಕಪ್ಪು ಗಂಡಸರ ಮೇಲೆ ಶುರುಮಾಡಿದ ಅಧ್ಯಯನವೇ ಬೇರೆ ಎಂದರು. ಅಲ್ಲಿ ಪೆನ್ಸಿಲಿನ್ ಬಂದ ಮೇಲೂ ಕೊಡಲಿಲ್ಲ. ನನಗಂತೂ ಗೆಳತಿಯ ಪ್ರಶ್ನೆ ಇನ್ನೂ ಪೂರ್ತಿ ಬಗೆಹರಿದಿಲ್ಲ.

ಆದರೆ ಬೋಕ್ ಆ ರೋಗಿಗಳ ವಿವರ ಬರೆದಿಟ್ಟಿದ್ದರು. ಅವರು ತೀರಿಕೊಂಡದ್ದು 1917ರಲ್ಲಿ. ಆಮೇಲೆ ಅವರ ಜಾಗಕ್ಕೆ ಬಂದ ಬ್ರೂಸ್‌ಗಾರ್ಡ್ ಅದೇ ದಾಖಲೆ ಹಿಡಿದು ಹಳೇ ರೋಗಿಗಳನ್ನು ಹುಡುಕಿ 1929ರಲ್ಲಿ 473 ಜನರ ಕಥೆ ಪ್ರಕಟಿಸಿದರು. 1955ರಲ್ಲಿ ನಾರ್ವೆಯದೇ ವೈದ್ಯ ಯೆಸ್ಟ್‌ಲಾಂಡ್ ಇನ್ನೂ ಆಳಕ್ಕಿಳಿದರು. ಚಿಕಿತ್ಸೆ ಇಲ್ಲದಿದ್ದರೆ ಸುಮಾರು ಮೂರನೇ ಒಂದು ಪಾಲು ಜನರಿಗೆ ಮುಂದೆ ರೋಗ ಮತ್ತೆ ಕಾಡುತ್ತದೆ ಎಂದು ನಾವು ಪರೀಕ್ಷೆಗೆ ಉರು ಹೊಡೆದೆವಲ್ಲ, ಅದರ ಬೇರು ಆ ಹಾಳೆಗಳಲ್ಲೇ ಇದೆ.

ಸರ್ ಕೊನೆಗೆ ಸ್ಲೈಡ್ ಎತ್ತಿಕೊಂಡು, "ಈ ರೋಗಿ ವಿಳಾಸ ಯಾರು ಬರ್ಕೊಂಡ್ರಿ?" ಎಂದರು.

ಯಾರೂ ಬರೆದುಕೊಂಡಿರಲಿಲ್ಲ.