‘ಬತ್ತದೆ’ ಎಂದದ್ದಕ್ಕೆ ಕಳೆದ ಮೂರು ಅಂಕ

ಕೆಲವು ವರ್ಷಗಳ ಹಿಂದೆ ಕಾರವಾರದಲ್ಲಿ ರಾಜ್ಯೋತ್ಸವದ ಅಂಗವಾಗಿ ಪ್ರೌಢಶಾಲೆಯ ಮಕ್ಕಳಿಗೆ ಭಾಷಣ ಸ್ಪರ್ಧೆ ಏರ್ಪಡಿಸಿದ್ದರು. ಮೂವರು ನಿರ್ಣಾಯಕರಲ್ಲಿ ನಾನೂ ಒಬ್ಬಳಾಗಿದ್ದೆ. ನಮಗೆ ಕೊಟ್ಟ ಅಂಕಪಟ್ಟಿಯಲ್ಲಿ ವಿಷಯ ಮಂಡನೆಗೆ 10, ಉಚ್ಚಾರ ಮತ್ತು ಭಾಷಾಶುದ್ಧಿಗೆ 10, ಹಾವಭಾವಕ್ಕೆ 5 ಎಂದು ಮೂರು ಕಾಲಂಗಳಿದ್ದವು. ಅನೇಕ ವರ್ಷಗಳಿಂದ ಇಂಥ ಪಟ್ಟಿಗಳನ್ನು ತುಂಬುತ್ತಲೇ ಬಂದವಳು ನಾನು; ಎರಡನೆಯ ಕಾಲಂ ಏನನ್ನು ಅಳೆಯುತ್ತದೆ ಎಂದು ಅಂದಿನವರೆಗೆ ಒಮ್ಮೆಯೂ ಯೋಚಿಸಿರಲಿಲ್ಲ.

ಬಹುತೇಕ ಮಕ್ಕಳು ಬಾಯಿಪಾಠ ಮಾಡಿಕೊಂಡು ಬಂದಿದ್ದರು. ಹನ್ನೊಂದನೆಯವಳಾಗಿ ಬಂದವಳು ಕುಮಟಾ ಕಡೆಯ ಹುಡುಗಿ. ಅವಳ ಅಜ್ಜಿ ಸಭಾಂಗಣದ ಹಿಂದಿನ ಸಾಲಿನಲ್ಲಿ ಕುಳಿತಿದ್ದರು. ಕೊರಳ ತುಂಬ ಮಣಿಸರಗಳು, ಹಾಲಕ್ಕಿ ಸಮುದಾಯದ ಹೆಂಗಸರು ಉಡುವ ರೀತಿಯ ಸೀರೆ. ಹುಡುಗಿ ಬಾಯಿ ತೆರೆಯುವ ಮೊದಲೇ ನಾನು ಆ ಅಜ್ಜಿಯನ್ನು ನೋಡಿದ್ದೆ ಎಂಬುದನ್ನು ಇಲ್ಲಿ ಹೇಳಲೇಬೇಕು, ಏಕೆಂದರೆ ಆಮೇಲೆ ನನ್ನ ಕಿವಿ ಕೇಳಿಸಿಕೊಂಡದ್ದರಲ್ಲಿ ಕಣ್ಣಿನ ಪಾಲು ಎಷ್ಟಿತ್ತೋ ಎಂದು ನನಗೆ ಇಂದಿಗೂ ಅನುಮಾನವಿದೆ.

ಅವಳು ಮಾತಾಡಿದ್ದು ಕಗ್ಗ ಭತ್ತದ ಬಗ್ಗೆ. ಅಘನಾಶಿನಿಯ ಅಳಿವೆಯ ಗಜನಿ ಭೂಮಿಯಲ್ಲಿ, ಮಳೆಗಾಲದ ಹೊಸ ನೀರು ಮಣ್ಣಿನ ಉಪ್ಪನ್ನು ತೊಳೆದ ಮೇಲೆ ಬಿತ್ತುವ ಬೆಳೆ ಅದು. ಪೈರು ಆಳೆತ್ತರ ಬೆಳೆಯುತ್ತದೆ, ಕೆಲವು ದಿನ ನೀರಿನಲ್ಲಿ ಮುಳುಗಿದರೂ ಸಾಯುವುದಿಲ್ಲ, ಉಪ್ಪನ್ನು ತಾಳಿಕೊಳ್ಳುತ್ತದೆ. ಗದ್ದೆಗೂ ಹೊಳೆಗೂ ನಡುವಿನ ಮಣ್ಣಿನ ಕಟ್ಟೆ ಒಡೆದರೆ ಏನಾಗುತ್ತದೆ, ಕೊಯ್ಲಾದ ಮೇಲೆ ಅದೇ ಗದ್ದೆಗೆ ಸಿಗಡಿ, ಮೀನು ಹೇಗೆ ಬರುತ್ತವೆ ಎಂಬುದನ್ನೆಲ್ಲ ಅವಳು ಕೈಯಲ್ಲಿ ತೋರಿಸಿ ಹೇಳಿದಳು. ಅಂದಿನ ಇಪ್ಪತ್ತು ಭಾಷಣಗಳಲ್ಲಿ ಕಂಡು ಹೇಳಿದ ಮಾತು ಅದೊಂದೇ. ಹೇಳುವ ಭರದಲ್ಲಿ, “ಕಟ್ಟೆ ಒಡೆದ್ರೆ ಉಪ್ಪುನೀರು ಒಳಗೆ ಬತ್ತದೆ, ಇಳಿತದ ಹೊತ್ತಿಗೆ ತಿರುಗಿ ಹೋತದೆ” ಎಂದಳು.

ಪಕ್ಕದಲ್ಲಿದ್ದ ನಿರ್ಣಾಯಕರು ನನ್ನತ್ತ ಬಾಗಿ, “ನೀರು ಬತ್ತದೆ ಇದ್ರೆ ಒಳ್ಳೆಯದೇ ಅಲ್ವಾ ಮೇಡಂ?” ಎಂದು ಪಿಸುಗುಟ್ಟಿದರು. ಗ್ರಾಂಥಿಕ ಕನ್ನಡದಲ್ಲಿ ‘ಬತ್ತದೆ’ ಎಂದರೆ ಒಣಗದೆ ಎಂದು ಅರ್ಥ ತಾನೆ! ನಾನು ನಕ್ಕೆ. ನಕ್ಕು, ಎರಡನೆಯ ಕಾಲಂನಲ್ಲಿ 7 ಎಂದು ಬರೆದೆ. ವಿಷಯಕ್ಕೆ 9, ಹಾವಭಾವಕ್ಕೆ 4. ಒಟ್ಟು ಅಂಕ ಅಕ್ಷರಗಳಲ್ಲಿ ಎಂಬಲ್ಲಿ ‘ಇಪ್ಪತ್ತು’ ಎಂದು ತುಂಬಿದೆ. ಅವಳಿಗೆ ನಾಲ್ಕನೆಯ ಸ್ಥಾನ ಬಂತು. ಬಹುಮಾನ ಇದ್ದದ್ದು ಮೂವರಿಗೆ. ನಿರ್ಣಾಯಕರ ಪರವಾಗಿ ವೇದಿಕೆಯಲ್ಲಿ ಮಾತಾಡಿದವಳೂ ನಾನೇ. ವಿಷಯ ಚೆನ್ನಾಗಿದ್ದರೂ ಕೆಲವರ ಭಾಷೆ ಶುದ್ಧವಾಗಬೇಕು ಎಂದು ಹೇಳಿ ಇಳಿದು ಬಂದೆ.

ಕಾರ್ಯಕ್ರಮ ಮುಗಿದು ಜಗುಲಿಯಲ್ಲಿ ಚಹಾ ಕುಡಿಯುತ್ತಿದ್ದಾಗ ಆ ಹುಡುಗಿ ಅಜ್ಜಿಯ ಜೊತೆ ಬಂದು ನಿಂತಳು. “ಮೇಡಂ, ನಂದು ಯಾವ ಮಾತು ತಪ್ಪಾಯ್ತು?” ಎಂದು ಕೇಳಿದಳು. ಅದರಲ್ಲಿ ಸಿಟ್ಟಿರಲಿಲ್ಲ, ತಿಳಿದುಕೊಳ್ಳುವ ಆಸೆಯಿತ್ತು. ನಾನು ‘ಬರುತ್ತದೆ’ ಎನ್ನಬೇಕಾದಲ್ಲಿ ‘ಬತ್ತದೆ’ ಎಂದದ್ದನ್ನು ಹೇಳಿದೆ. ಅವಳು ಅಜ್ಜಿಯ ಮುಖ ನೋಡಿದಳು. ಅಜ್ಜಿ ಕೈ ಮುಗಿದು, “ನಮ್ದು ಸಮ ಮಾತಲ್ಲ ಅಮ್ಮಾ. ಶಾಲಿಗೆ ಹೋದ್ರೆ ಸಮ ಆತದೆ ಅಂದ್ಕಂಡಿದ್ದೆ” ಎಂದರು.

ಆ ಮಾತು ಕೇಳಿ ನನಗೆ ಕಸಿವಿಸಿಯಾಯಿತು. ನಾನು ಶಿರಸಿ ತಾಲ್ಲೂಕಿನ ಹವ್ಯಕರ ಮನೆಯವಳು. ನಮ್ಮ ಮನೆಯಲ್ಲಿ ಆಯಿ, ಅಂದರೆ ಅಮ್ಮ, ಇಂದಿಗೂ ಮಳೆ ‘ಬತ್ತು’ ಎನ್ನುತ್ತಾಳೆ, ನೀರು ‘ಬತ್ತು’ ಎನ್ನುತ್ತಾಳೆ. ಹುಡುಗಿಯ ‘ಬತ್ತದೆ’ಗೂ ಆಯಿಯ ‘ಬತ್ತು’ವಿಗೂ ಅಂತರವೆಷ್ಟು? ಎರಡರಲ್ಲಿಯೂ ರಕಾರ ಪಕ್ಕದ ತಕಾರದಲ್ಲಿ ಕರಗಿದೆ, ಅಷ್ಟೆ. ಹೀಗೆ ಕರಗುವುದು ಅಶುದ್ಧಿಯಾದರೆ ನಾನು ಪಟ್ಟಿಯಲ್ಲಿ ಬರೆದ ‘ಇಪ್ಪತ್ತು’ ಎಂಬ ಪದವೂ ಅಶುದ್ಧವೇ; ಹಳಗನ್ನಡದಲ್ಲಿ ಅದು ‘ಇರ್ಪತ್ತು’ ಆಗಿತ್ತು. ‘ಕರ್ಪು’ ಕಪ್ಪಾಯಿತು, ‘ಇರ್ದು’ ಇದ್ದು ಎಂದಾಯಿತು. ಇವನ್ನೆಲ್ಲ ನಾನು ತರಗತಿಯಲ್ಲಿ ಭಾಷೆಯ ಬೆಳವಣಿಗೆ ಎಂದು ಪಾಠ ಹೇಳುತ್ತೇನೆ. ಅದೇ ಬದಲಾವಣೆ ಮಣಿಸರದ ಅಜ್ಜಿಯ ಮೊಮ್ಮಗಳ ಬಾಯಿಂದ ಬಂದಾಗ ಅದಕ್ಕೆ ಮೂರು ಅಂಕ ಕಳೆದಿದ್ದೆ.

ನನಗೂ ಇಂಥದ್ದು ಆಗಿತ್ತು. ಧಾರವಾಡದಲ್ಲಿ ಎಂ.ಎ. ಓದುತ್ತಿದ್ದಾಗ ಹಾಸ್ಟೆಲಿನಲ್ಲಿ ಒಮ್ಮೆ ಮೈಮರೆತು “ಆಯಿ ಬಂತು” ಎಂದೆ. ನಮ್ಮ ಮಾತಿನಲ್ಲಿ ಹೆಂಗಸರಿಗೂ ನಪುಂಸಕಲಿಂಗದ ಕ್ರಿಯಾಪದವೇ ಬರುತ್ತದೆ. ಅದರಲ್ಲಿ ಅಗೌರವವೇನೂ ಇಲ್ಲ. ಕೋಣೆಯವರು “ನಿಮ್ಮ ಅವ್ವ ಏನ್ ಬಸ್ಸೇನು, ಬಂತು ಅನ್ನಾಕ?” ಎಂದು ವಾರಗಟ್ಟಲೆ ನಗೆಯಾಡಿದರು. ಆಮೇಲೆ ಮನೆಯಿಂದ ಫೋನ್ ಬಂದರೆ ನಾನು ಮೆಟ್ಟಿಲ ಕೆಳಗೆ ಹೋಗಿ ಮಾತಾಡುತ್ತಿದ್ದೆ. ‘ನಾನು’ ಎನ್ನಲು ನಾವು ಬಳಸುವ ‘ಆನು’ ಎಂಬ ಪದ ಹಳಗನ್ನಡದ ‘ಆನ್’ ಎಂದು ಅಲ್ಲಿಯೇ ಕಲಿತೆ. ಕಲಿತ ಮೇಲೆಯೂ ನಾಲ್ಕು ಜನರ ಎದುರು ಅದನ್ನು ಆಡುವ ಧೈರ್ಯ ಬರಲಿಲ್ಲ.

1960ರಲ್ಲಿ ಕೆನಡಾದ ಮಾಂಟ್ರಿಯಲ್‌ನಲ್ಲಿ ವಾಲೇಸ್ ಲ್ಯಾಂಬರ್ಟ್ ಎಂಬ ಮನೋವಿಜ್ಞಾನಿ ಮತ್ತು ಅವರ ಸಂಗಡಿಗರು ನಡೆಸಿದ ಒಂದು ಪ್ರಯೋಗ ಆ ಜಗುಲಿಯಲ್ಲಿ ನೆನಪಾಯಿತು. ಎರಡೂ ಭಾಷೆ ಚೆನ್ನಾಗಿ ಬಲ್ಲವರಿಂದ ಒಂದೇ ಗದ್ಯಭಾಗವನ್ನು ಇಂಗ್ಲಿಷಿನಲ್ಲೂ ಫ್ರೆಂಚಿನಲ್ಲೂ ಓದಿಸಿ, ಬೇರೆ ಬೇರೆಯವರ ದನಿಗಳು ಎಂಬಂತೆ ಕೇಳಿಸಿದರು. ಓದಿದವರು ಅವರೇ ಆದರೂ, ಇಂಗ್ಲಿಷ್ ದನಿಯವರು ಹೆಚ್ಚು ಬುದ್ಧಿವಂತರು, ನೆಚ್ಚಬಹುದಾದವರು, ಎತ್ತರದವರು ಕೂಡ ಎಂದು ಕೇಳುಗರಿಗೆ ಅನ್ನಿಸಿತು. ದನಿಯಲ್ಲಿ ಎತ್ತರ ಕೇಳಿಸುವುದೆಂದರೇನು! ಫ್ರೆಂಚ್ ಮನೆಮಾತಿನ ಕೇಳುಗರೂ ತಮ್ಮ ಭಾಷೆಯ ದನಿಗೇ ಕಡಿಮೆ ಬೆಲೆ ಕಟ್ಟಿದರು ಎಂಬುದು ಅದರಲ್ಲಿ ನನಗೆ ತೀರ ನೋವು ತಂದ ಸಂಗತಿ. ಓದಿದಾಗ ಅದು ದೂರದ ಊರಿನ ವಿಷಯವಾಗಿತ್ತು. ಈಗ ಕೈ ಮುಗಿದು ನಿಂತ ಅಜ್ಜಿ ಅದನ್ನೇ ನನ್ನೆದುರು ಹೇಳುತ್ತಿದ್ದರು.

ಚಹಾ ಹಿಡಿದು ನಿಂತಿದ್ದ ಮೂರನೆಯ ನಿರ್ಣಾಯಕರು ಕಾರವಾರದವರೇ, ಮನೆಮಾತು ಕೊಂಕಣಿ. ಇದನ್ನೆಲ್ಲ ಕೇಳಿಸಿಕೊಂಡು ಅವರು ತಮ್ಮ ಮಾತು ತೆಗೆದರು. ಕೊಂಕಣಿಗೆ ಸ್ವಂತ ಲಿಪಿಯಿಲ್ಲ, ಅದು ಭಾಷೆಯೇ ಅಲ್ಲ, ಮರಾಠಿಯ ಉಪಭಾಷೆ ಎಂದು ಕೇಳುತ್ತಲೇ ಬೆಳೆದವರು ಅವರು. ಆ ಮಾತಿಗೆ ಎದುರಾಗಿ ಅಖಿಲ ಭಾರತ ಕೊಂಕಣಿ ಪರಿಷತ್ತಿನ ಮೊದಲ ಅಧಿವೇಶನ 1939ರಲ್ಲಿ ನಡೆದದ್ದು ಇದೇ ಕಾರವಾರದಲ್ಲಿ. ಸಾಹಿತ್ಯ ಅಕಾಡೆಮಿ ಅದನ್ನು ಸ್ವತಂತ್ರ ಭಾಷೆಯೆಂದು ಒಪ್ಪಲು 1975 ಬರಬೇಕಾಯಿತು. ಸಂವಿಧಾನದ ಎಂಟನೆಯ ಅನುಸೂಚಿಗೆ ಸೇರಿದ್ದು 1992ರಲ್ಲಿ. “ಇಷ್ಟೆಲ್ಲ ಆದ್ರೂ ಮೇಡಂ, ನನ್ನ ಮಗ ಬೈತಖೋಲದ ಬಂದರಿನ ಹುಡುಗರ ಹಾಗೆ ಕೊಂಕಣಿ ಮಾತಾಡಿದ್ರೆ ನಾನೇ ತಿದ್ದುತ್ತೇನೆ” ಎಂದು ಅವರು ತಲೆ ತಗ್ಗಿಸಿದರು. ಮೀನುಗಾರರ ಕೊಂಕಣಿಗೂ ತಮ್ಮ ಕೊಂಕಣಿಗೂ ನಡುವೆ ಏನನ್ನು ತಿದ್ದುತ್ತಿದ್ದೇನೆ ಎಂದು ಅವರಿಗೆ ಚೆನ್ನಾಗಿ ತಿಳಿದಿತ್ತು.

ನಮ್ಮ ಜಿಲ್ಲೆಯಲ್ಲಿ ಈ ವಿಷಯ ಇನ್ನೂ ವಿಚಿತ್ರವಾಗಿದೆ. ಅಂಕೋಲೆಯ ಬಡಿಗೇರಿಯ ಸುಕ್ರಿ ಬೊಮ್ಮಗೌಡರು ಹಾಲಕ್ಕಿ ಮಾತಿನಲ್ಲಿ ಹಾಡಿದ ಹಾಡುಗಳಿಗಾಗಿ 2017ರಲ್ಲಿ ಪದ್ಮಶ್ರೀ ಬಂದಾಗ ನಾವೆಲ್ಲ ಹೆಮ್ಮೆಪಟ್ಟೆವು. ನಾನೂ ಒಂದು ಅಭಿನಂದನಾ ಸಭೆಯಲ್ಲಿ ಮಾತಾಡಿ, ಆ ನುಡಿ ಜಿಲ್ಲೆಯ ಸಂಪತ್ತು ಎಂದಿದ್ದೆ. ಹಾಡಾಗಿ ವೇದಿಕೆಗೆ ಬಂದರೆ ಸಂಪತ್ತು. ಅದನ್ನಾಡುವ ಮಗು ಗದ್ದೆಯ ವಿಜ್ಞಾನ ಹೇಳಲು ಅದೇ ವೇದಿಕೆ ಹತ್ತಿದರೆ ಅಂಕ ಕಡಿತ. ಹವ್ಯಕರ ಮಾತಿಗೆ ನಾಟಕ, ಕಥೆಗಳಲ್ಲಾದರೂ ಬರಹದ ಮರ್ಯಾದೆ ಸಿಕ್ಕಿದೆ, ಅದರ ಹಿಂದೆ ಜಾತಿಯ ಮತ್ತು ಓದಿನ ಬಲವಿದೆ. ನಾನು ಮೆಟ್ಟಿಲ ಕೆಳಗಿನಿಂದ ಮೇಲೆ ಬಂದು ನಿರ್ಣಾಯಕಿಯಾದದ್ದೂ ಆ ಬಲದಿಂದಲೇ.

ನಾನು ಅಜ್ಜಿಯ ಕೈ ಹಿಡಿದು, “ಎಂಗ್ಳ ಮನೇಲಿ ‘ನೀರು ಬತ್ತು’ ಹೇಳ್ತ್ಯ ಅಜ್ಜಿ. ನಿಮ್ಮ ಮಾತು ಸಮವೇ ಇದ್ದು” ಎಂದೆ. ಇಷ್ಟು ವರ್ಷಗಳ ಕಾರವಾರದ ವಾಸದಲ್ಲಿ ಮನೆಯ ಹೊರಗೆ ನಾನು ಆಡಿದ ಮೊದಲ ಹವ್ಯಕ ಮಾತು ಅದು. ಹುಡುಗಿಗೆ ಅಚ್ಚರಿಯಾಯಿತು. “ನೀವು ಯಾವ ಊರಿನವ್ರು ಮೇಡಂ?” ಎಂದಳು. ಶಿರಸಿ ಕಡೆ ಎಂದೆ. “ಅಘನಾಶಿನಿ ಹುಟ್ಟುದು ಅಲ್ಲೇ ಅಲ್ದಾ? ಅಲ್ಲಿ ‘ಬತ್ತು’, ನಮ್ಮಲ್ಲಿಗೆ ಮುಟ್ಟದ್ರೊಳಗೆ ‘ಬತ್ತದೆ’” ಎಂದು ನಕ್ಕಳು.

ಸಂಘಟಕರ ಬಳಿ ಹೋಗಿ ಅಂಕಪಟ್ಟಿ ವಾಪಸು ಕೇಳಿದೆ. ಪ್ರಮಾಣಪತ್ರಗಳನ್ನು ಬರೆದಾಗಿದೆ, ಬಹುಮಾನ ಹಂಚಿಯಾಗಿದೆ ಎಂದರು. ಅದು ನಿಜವೇ ಆಗಿತ್ತು. ಮುಂದಿನ ವರ್ಷ ಮತ್ತೆ ಕರೆದಾಗ, ಎರಡನೆಯ ಕಾಲಂನ ಹೆಸರು ಬದಲಾಯಿಸಿದರೆ ಮಾತ್ರ ಬರುತ್ತೇನೆ ಎಂದೆ. ತುಂಬ ಹೊತ್ತು ಚರ್ಚೆಯಾಗಿ ‘ಸ್ಪಷ್ಟತೆ’ ಎಂದಿಡಲು ಒಪ್ಪಿದರು. ಆ ಹುಡುಗಿ ಅಷ್ಟರೊಳಗೆ ಹತ್ತನೆಯ ತರಗತಿ ಮುಗಿಸಿದ್ದಳು; ಸ್ಪರ್ಧಿಗಳ ಪಟ್ಟಿಯಲ್ಲಿ ಗಜನಿಯ ಕಡೆಯ ಊರುಗಳ ಹೆಸರು ಒಂದೂ ಇರಲಿಲ್ಲ.