ಷರಾ ಯಾಕೆ ಪಕ್ಕದ ಸಾಲಿಗೆ ಜಾರುತ್ತದೆ?

ಒಂದೇ ಪಟ್ಟಿ ಎರಡು ಗೂಗಲ್ ಶೀಟ್ ಫೈಲುಗಳಲ್ಲಿ ಇರಬೇಕಾದರೆ, ಯಾವ ಕಾಲಂ ಎಲ್ಲಿ ತಿದ್ದಬೇಕು ಅನ್ನುವುದು ಮೊದಲು ಗೊತ್ತಾಗಲಿ. ಹೆಸರು, ದರ ಮೂಲ ಫೈಲಿನಲ್ಲಿ ಮಾತ್ರ. ಷರಾ ಎರಡನೆಯದರಲ್ಲಿ ಮಾತ್ರ. ಒಂದೇ ಕಾಲಮನ್ನು ಎರಡೂ ಕಡೆ ತಿದ್ದುವ ಆಸೆ ಇದ್ದರೆ ಬಿಟ್ಟುಬಿಡಿ, ಫಾರ್ಮುಲಾದಿಂದ ಅದು ಆಗದು.

ಮೂಲದ ಸಾಲುಗಳನ್ನು ಎರಡನೆಯ ಫೈಲಿಗೆ ತರಲು ಇಂಪೋರ್ಟ್‌ರೇಂಜ್ (IMPORTRANGE) ಎಂಬ ಫಾರ್ಮುಲಾ ಸಾಕು. ಮೂಲ ಫೈಲಿನ ವಿಳಾಸ, ಆಮೇಲೆ ಹಾಳೆಯ ಹೆಸರು ಮತ್ತು ವ್ಯಾಪ್ತಿ, ಎರಡೂ ಉದ್ಧರಣ ಚಿಹ್ನೆಯೊಳಗೆ. ಮೊದಲ ಸಲ ರೆಫ್ ಎರರ್ (#REF!) ಬರುತ್ತದೆ. ಆ ಸೆಲ್ ಮೇಲೆ ಹೋಗಿ ‘ಅಲೋ ಆಕ್ಸೆಸ್’ ಒತ್ತಬೇಕು. ಆರಂಭದಲ್ಲೇ ಈ ಫಾರ್ಮುಲಾವನ್ನು ಎರರ್ ಮರೆಮಾಡುವ ಇಫ್‌ಎರರ್ ಒಳಗೆ ಹುದುಗಿಸಿದರೆ ಆ ಎರರ್ ಮುಚ್ಚಿಹೋಗಿ, ಖಾಲಿ ಸೆಲ್ ಯಾಕೆಂದು ತಲೆ ಕೆರೆದುಕೊಳ್ಳಬೇಕಾಗುತ್ತದೆ. ಇನ್ನೊಂದು ಮಾತು: ಅನುಮತಿ ಕೊಟ್ಟ ಮೇಲೆ ಎರಡನೆಯ ಫೈಲನ್ನು ತಿದ್ದಬಲ್ಲ ಯಾರೇ ಆಗಲಿ, ಮೂಲದ ಯಾವ ಭಾಗವನ್ನಾದರೂ ಎಳೆದುಕೊಳ್ಳಬಹುದು. ಕಾಲಂ ಮರೆಮಾಡಿದರೆ ಗುಟ್ಟು ಉಳಿಯದು.

ಇನ್ನು ಷರಾ. ತಂದ ಸಾಲುಗಳ ಪಕ್ಕದಲ್ಲೇ ಅದನ್ನು ಟೈಪ್ ಮಾಡುವುದೇ ಎಲ್ಲ ಗೋಳಿನ ಮೂಲ. ಮೂಲದಲ್ಲಿ ಯಾರೋ ಸಾರ್ಟ್ ಮಾಡುತ್ತಾರೆ, ನಡುವೆ ಒಂದು ಸಾಲು ಸೇರಿಸುತ್ತಾರೆ. ತಂದ ಹೆಸರುಗಳು ಕೆಳಗಿಳಿಯುತ್ತವೆ, ಟೈಪ್ ಮಾಡಿದ್ದು ಇದ್ದಲ್ಲೇ ಇರುತ್ತದೆ. ಎರರ್ ಬರುವುದಿಲ್ಲ, ಒಬ್ಬರ ಷರಾ ಇನ್ನೊಬ್ಬರ ತಲೆಗೆ ಬರುತ್ತದೆ ಅಷ್ಟೇ.

ಆದ್ದರಿಂದ ಎರಡನೆಯ ಫೈಲಿನಲ್ಲಿ ಎರಡು ಹಾಳೆ ಮಾಡಿ. ‘ಆಮದು’ ಹಾಳೆಯಲ್ಲಿ ಇಂಪೋರ್ಟ್‌ರೇಂಜ್ ಬಿಟ್ಟು ಏನೂ ಬೇಡ. ಅದಕ್ಕೆ ಪ್ರೊಟೆಕ್ಷನ್ ಹಾಕಿ, ಯಾಕೆಂದರೆ ಆ ಜಾಗದಲ್ಲಿ ಒಂದಕ್ಷರ ಬಿದ್ದರೂ ಇಡೀ ಪಟ್ಟಿ ಮಾಯವಾಗಿ ರೆಫ್ ಎರರ್ ಉಳಿಯುತ್ತದೆ. ‘ಕೆಲಸ’ ಹಾಳೆಯ ಮೊದಲ ಕಾಲಂನಲ್ಲಿ ಪ್ರತಿ ದಾಖಲೆಯ ಕೋಡನ್ನು (ಮೂಲ ಪಟ್ಟಿಯಲ್ಲಿ ಅದಕ್ಕಿರುವ ಬದಲಾಗದ ಗುರುತನ್ನು) ಟೈಪ್ ಮಾಡಿ. ಹೆಸರು, ದರವನ್ನು ಆ ಕೋಡ್ ಹಿಡಿದು ‘ಆಮದು’ವಿನಿಂದ ವಿಲುಕಪ್ (VLOOKUP) ಫಾರ್ಮುಲಾ ತರಲಿ. ಷರಾ ಅದೇ ಸಾಲಿನಲ್ಲಿ. ಈಗ ಮೂಲ ಹೇಗೆ ಸಾರ್ಟ್ ಆದರೂ ಚಿಂತೆಯಿಲ್ಲ. ವಿಲುಕಪ್‌ನ ಕೊನೆಗೆ ಫಾಲ್ಸ್ (ಕೋಡ್ ಪೂರ್ತಿ ಹೊಂದಿದರೆ ಮಾತ್ರ ಎಂಬ ಸೂಚನೆ) ಹಾಕುವುದನ್ನು ಮರೆತರೆ ಹತ್ತಿರದ ಕೋಡಿನ ವಿವರ ತಂದು ಕೂರಿಸಬಹುದು. ಕಾಲಂ ಸಂಖ್ಯೆಯನ್ನು 3 ಎಂದು ಬರೆಯುವ ಬದಲು ತಲೆಬರಹವನ್ನು ಮ್ಯಾಚ್‌ನಿಂದ ಹುಡುಕಿಸಿದರೆ, ಮೂಲದಲ್ಲಿ ಕಾಲಂಗಳು ಹಿಂದುಮುಂದಾದರೂ ತಪ್ಪದು. ಹೊಸದಾಗಿ ಬಂದ ಕೋಡುಗಳು ತಾವಾಗಿ ‘ಕೆಲಸ’ಕ್ಕೆ ಸೇರುವುದಿಲ್ಲ, ‘ಆಮದು’ವಿನ ಪ್ರತಿ ಕೋಡಿಗೂ, ಅದು ‘ಕೆಲಸ’ದಲ್ಲಿ ಎಷ್ಟು ಸಲ ಇದೆ ಎಂದು ಎಣಿಸುವ ಕೌಂಟ್‌ಇಫ್ ಹಾಕಿ, 0 ಬಂದವನ್ನು ಫಿಲ್ಟರ್‌ನಿಂದ ಬೇರೆ ಕಡೆ ತೋರಿಸಿಕೊಳ್ಳಿ.

ಕೋಡ್ ಕಾಲಂ ಎರಡೂ ಫೈಲಿನಲ್ಲಿ ‘ಪ್ಲೇನ್ ಟೆಕ್ಸ್ಟ್’ ಆಗಿರಲಿ, ಅದೂ ಟೈಪ್ ಮಾಡುವ ಮೊದಲೇ. ಇಲ್ಲದಿದ್ದರೆ 007 ಎಂಬುದು 7 ಆಗುತ್ತದೆ. ಒಂದು ಕಡೆ ಅಂಕಿ, ಇನ್ನೊಂದು ಕಡೆ ಅಕ್ಷರ ಇದ್ದರೆ ಕಣ್ಣಿಗೆ ಒಂದೇ ಕಂಡರೂ ಹೊಂದುವುದಿಲ್ಲ. ಕೊನೆಯಲ್ಲಿ ಉಳಿದ ಸ್ಪೇಸ್ ಕೂಡ ಹೀಗೇ ಕಾಡುತ್ತದೆ, ಅದನ್ನು ತೆಗೆಯಲು ಟ್ರಿಮ್ ಫಾರ್ಮುಲಾ. ಪಟ್ಟಿಯಿಂದ ಬೇಕಾದ್ದನ್ನು ಆಯ್ದು ತೋರಿಸುವ ಕ್ವೆರಿ ಫಾರ್ಮುಲಾ ಬಳಸುವವರಿಗೆ ಇನ್ನೂ ಕಷ್ಟ: ಒಂದು ಕಾಲಂನಲ್ಲಿ ಅಂಕಿ, ಅಕ್ಷರ ಬೆರೆತಿದ್ದರೆ ಕಡಿಮೆ ಇರುವ ಬಗೆಯನ್ನು ಅದು ಖಾಲಿ ಬಿಡುತ್ತದೆ.

ಫೈಲ್ ತೆರೆದಿದ್ದಾಗ ಇಂಪೋರ್ಟ್‌ರೇಂಜ್ ಹೊಸದೇನಿದೆ ಎಂದು ನೋಡುವುದು ಗಂಟೆಗೊಮ್ಮೆ. ಒಂದರಿಂದ ಎರಡಕ್ಕೆ, ಎರಡರಿಂದ ಮೂರಕ್ಕೆ ಎಂದು ಸರಪಳಿ ಕಟ್ಟಿದಷ್ಟೂ ತಡ, ಹಾಗಾಗಿ ಎಲ್ಲ ಫೈಲುಗಳೂ ಮೂಲದಿಂದಲೇ ಎಳೆಯಲಿ.

ಎಕ್ಸೆಲ್‌ನಲ್ಲಿ ಮುಚ್ಚಿದ ಫೈಲಿನ ಮೇಲೆ ಕೆಲವು ಫಾರ್ಮುಲಾಗಳು, ಉದಾಹರಣೆಗೆ ಸಮ್‌ಇಫ್, ಇನ್‌ಡೈರೆಕ್ಟ್ ನಡೆಯವು. ಬೇರೆ ಫೈಲಿನಿಂದ ಮಾಹಿತಿ ತರಲು ಅಲ್ಲಿನ ಪವರ್ ಕ್ವೆರಿ ಸೌಲಭ್ಯವೇ ವಾಸಿ. ಅದರ ಟೇಬಲ್ ಪಕ್ಕ ಬರೆದ ಷರಾ ಕೂಡ ರಿಫ್ರೆಶ್ ಒತ್ತಿದಾಗ ಇದೇ ರೀತಿ ಜಾರಬಹುದು.